ವನಜಾಳ ಒಪ್ಪಿಗೆ

“ಮೇಡಂ, ಸತ್ತವರ ಧ್ವನಿ ಈ ಕಂಪ್ಯೂಟರಿನ್ಯಾಗ ಬರ್ತೈತೇನ್ರಿ?”

ಹಿಂದಿನ ಸಾಲಿನಲ್ಲಿ ಎದ್ದು ನಿಂತವನನ್ನು ನೋಡಿ ಯಾರೋ ನಕ್ಕರು. ಅವನು ನಗಲಿಲ್ಲ.

ರಕ್ಷಿತಾ ವೈಟ್‌ಫೀಲ್ಡ್‌ನ ಲ್ಯಾಬ್ ಒಂದರಲ್ಲಿ ಸಂಶೋಧಕಿ. ಭಾನುವಾರ ಮೆಟ್ರೋ ಹಿಡಿದು ಟಿ. ದಾಸರಹಳ್ಳಿಗೆ ಬಂದು, ಲೈಬ್ರರಿಯಲ್ಲಿ ಕಂಪ್ಯೂಟರ್, ಎಐ ಬಗ್ಗೆ ಜನರಿಗೆ ಕನ್ನಡದಲ್ಲಿ ತಿಳಿಸಿ ಹೇಳುತ್ತಿದ್ದಳು.

“ಧ್ವನಿ ಬರತ್ತೆ,” ಎಂದಳು. “ಅವರು ಬರಲ್ಲ.”

ಅವನು ಸಂಗಮೇಶ್. ಬಾಗಲಕೋಟೆ ಕಡೆಯವನು, ಪೀಣ್ಯದ ಕಾರ್ಖಾನೆಯೊಂದರಲ್ಲಿ ಲೇಥ್ ಆಪರೇಟರ್. ಹೆಂಡತಿ ವನಜಾ ಜ್ವರದಲ್ಲಿ ತೀರಿಕೊಂಡು ಎರಡು ವರ್ಷವಾಗಿತ್ತು. ಅವಳ ವಾಯ್ಸ್ ಮೆಸೇಜುಗಳು ಅವನ ಫೋನಿನಲ್ಲೇ ಇದ್ದವು.

ಮುಂದಿನ ವಾರವೂ ಬಂದ. ಅದರ ಮುಂದಿನ ವಾರ ಮುಂದಿನ ಸಾಲಿಗೆ ಬಂದ. ಮಾತು ಮುಗಿದ ಮೇಲೆ ಸ್ಟೇಷನ್ ಕೆಳಗಿನ ಅಂಗಡಿಯಲ್ಲಿ ಇಬ್ಬರೂ ಟೀ ಕುಡಿಯುವುದು ರೂಢಿಯಾಯಿತು.

“ಮಾತಾಡೂಮುಂದ ಕೈ ಭಾಳ ಆಡಸ್ತೀರಿ ನೀವು. ಟೀ ಚೆಲ್ಲತೈತಿ ನೋಡ್ರಿ.”

“ನೀವು ಪಾಠ ಕೇಳೋಕೆ ಬರ್ತೀರೋ, ಕೈ ನೋಡೋಕೋ?”

ಅವನು ಗ್ಲಾಸಿನೊಳಗೆ ಕಣ್ಣಿಟ್ಟು ನಕ್ಕ. ಕಿವಿ ಕೆಂಪಾಗಿತ್ತು. ಆ ಕಿವಿಯನ್ನು ನೆನೆದುಕೊಂಡೇ ರಕ್ಷಿತಾ ವೈಟ್‌ಫೀಲ್ಡ್‌ವರೆಗೂ ನಿಂತು ಪ್ರಯಾಣ ಮಾಡಿದಳು. ಸೀಟು ಖಾಲಿ ಇದ್ದದ್ದೂ ಅವಳಿಗೆ ಕಾಣಲಿಲ್ಲ.

ಒಂದು ಸಂಜೆ ಟೀ ಅಂಗಡಿಯಲ್ಲಿ ಅವನು ಫೋನನ್ನು ಅವಳ ಮುಂದಿಟ್ಟ. “ವನಜಾನ ಧ್ವನಿ ಮಾಡಿಕೊಡ್ರಿ. ಒಂದ ಮಾತು ಕೇಳಬೇಕಾಗೈತಿ.”

“ಏನು ಕೇಳ್ತೀರಿ?”

ಅವನು ಟೀ ಗ್ಲಾಸನ್ನು ಪಕ್ಕಕ್ಕೆ ಸರಿಸಿದ. “ಸಾಯೂಮುಂದ ಏನೋ ಹೇಳಾಕ ಹತ್ತಿದ್ಲು. ಮಾತ ಬರಲಿಲ್ಲ. ನಾ ಇನ್ನೊಬ್ರ ಜೋಡಿ ಬಾಳೇವು ಮಾಡಿದ್ರ ಅಕಿಗೆ ನೋವಾಗತೈತೇನು, ಅದನ್ನ ಕೇಳಬೇಕು.” ತಲೆ ಎತ್ತಿದ. “ಆ ಇನ್ನೊಬ್ರು ನೀವ ರೀ.”

ಅವಳ ಎದೆ ತುಂಬಿ ಬಂತು. ಸುಮ್ಮನೆ ತಲೆಯಾಡಿಸಿದ್ದರೆ ಸಾಕಿತ್ತು. ಆ ಧ್ವನಿಯನ್ನು ಕೂಡಿಸುವುದು ಅವಳಿಗೆ ಒಂದು ಮಧ್ಯಾಹ್ನದ ಕೆಲಸ.

“ಸಂಗಮೇಶ್, ನಾನು ಹೂಂ ಅಂತ ಹೇಳಿಸಿದ್ರೆ ಅದು ಹೂಂ ಅನ್ನತ್ತೆ,” ಎಂದಳು. “ಬೇಡ ಅಂತ ಹೇಳಿಸಿದ್ರೆ ಬೇಡ ಅನ್ನತ್ತೆ. ಅದು ವನಜಾ ಅಲ್ಲ.”

“ಹಂಗಾರ ಅಕಿ ಮನಸಿನ್ಯಾಗ ಏನಿತ್ತಂತ ನನಗ ಎಂದೂ ತಿಳಿಯೂದಿಲ್ಲ.”

“ಇಲ್ಲ.”

“ಅಕಿ ಹೂಂ ಅನ್ನದ ಇನ್ನೊಂದು ಬಾಳೇವು ನನ್ನ ಕಡಿಂದ ಆಗೂದಿಲ್ರಿ.”

“ಗೊತ್ತು.”

ಅವನು ಫೋನನ್ನು ಜೇಬಿಗಿಟ್ಟುಕೊಂಡ. ಸ್ಟೇಷನ್ ಮೆಟ್ಟಿಲವರೆಗೆ ಜೊತೆಗೆ ಬಂದು ನಿಂತ.

“ಇನ್ನ ಮ್ಯಾಲ ನಾ ಬರೂದಿಲ್ಲ. ನಿಮ್ಮನ್ನ ನೋಡಿದ್ರ ಆಸೆ ಆಗತೈತಿ.” ಮತ್ತೆ ಕೇಳಿದ: “ಅಕಿ ಧ್ವನಿಲೆ ಹೂಂ ಅನ್ನಿಸಿಬಿಡಬಹುದಿತ್ತಲ್ರಿ. ನಾ ನಂಬತಿದ್ನಿ. ಯಾಕ ಹಂಗ ಮಾಡಲಿಲ್ಲ?”

“ನಿಮ್ಮ ಜೊತೆ ಬಾಳಬೇಕು ಅಂತಿತ್ತು,” ಎಂದಳು ರಕ್ಷಿತಾ. “ಅದಕ್ಕೇ ಸುಳ್ಳು ಹೇಳಿಸಲಿಲ್ಲ.”

ಅವನು ಕೈ ಮುಗಿದು, ತುಮಕೂರು ರಸ್ತೆ ದಾಟಿ ಜನರೊಳಗೆ ಸೇರಿಹೋದ. ಅವನು ಹಿಂತಿರುಗಿ ನೋಡಲಿಲ್ಲ. ಅವಳು ನೋಡುತ್ತಲೇ ಇದ್ದಳು.