ಎಪ್ಪತ್ತೆರಡು ಗಂಟೆ

ಬೇಸಿಗೆ ಕಾಲಿಟ್ಟ ಮೇಲೆ ಠಾಣೆಯ ಜೀಪು ಒಂದೇ ಸಲಕ್ಕೆ ಸ್ಟಾರ್ಟ್ ಆದ ದಿನವೇ ಇರಲಿಲ್ಲ. ಏಪ್ರಿಲ್ ಹದಿನಾರು, ಬುಧವಾರ, ಮಧ್ಯಾಹ್ನ ಎರಡೂಕಾಲು ಗಂಟೆ. ಇಬ್ಬರು ಪೇದೆಗಳು ಅದನ್ನು ಅಂಗಳದ ತುಂಬ ತಳ್ಳುತ್ತಿದ್ದರು. ಸ್ಟಿಯರಿಂಗ್ ಹಿಡಿದ ಇನ್‌ಸ್ಪೆಕ್ಟರ್ ಯಾರನ್ನು ಬೈಯಬೇಕೆಂದು ತಿಳಿಯದೆ ಕ್ಲಚ್ಚಿನ ಮೇಲೆ ಸಿಟ್ಟು ತೀರಿಸಿಕೊಳ್ಳುತ್ತಿದ್ದರು. ದೂರು ಬಂದದ್ದು ಆ ಹೊತ್ತಿಗೆ.

ತಂದವನು ರಸ್ತೆ ನೆರವು ಕಂಪನಿಯ ಮ್ಯಾನೇಜರ್. ಕೆಟ್ಟು ನಿಂತ ಗಾಡಿಗಳನ್ನು ಎಳೆದೊಯ್ಯುವ ಅವರ ಲಾರಿಯೇ ಕಳುವಾಗಿತ್ತು. ಅವನ ಹಿಂದೆ ತಲೆ ತಗ್ಗಿಸಿ ನಿಂತ ಬಡಕಲು ಆಸಾಮಿ ಆ ಲಾರಿಯ ಚಾಲಕ.

"ಎಲ್ಲಿ ಹೋಯ್ತು?"

"ಹೆದ್ದಾರಿ ಹೋಟೆಲ್ ಹತ್ರ ಸರ್. ಊಟಕ್ಕೆ ಇಳಿದಿದ್ದೆ."

"ಕೀ?"

"ಗಾಡೀಲೇ ಮರೆತೆ."

"ಗಾಡಿ ಎಳೆಯೋ ಗಾಡೀನೇ ಎಳ್ಕೊಂಡು ಹೋದ್ರಾ!" ಹಿರಿಯ ಪೇದೆ ನಕ್ಕ. ಇನ್‌ಸ್ಪೆಕ್ಟರ್ ನಗಲಿಲ್ಲ. ಚಾಲಕನ ಬೆಲ್ಟಿನಿಂದ ಕೀ ಸಿಕ್ಕಿಸುವ ಸರಪಳಿಯೊಂದು ಖಾಲಿ ತೂಗುತ್ತಿತ್ತು. ದಿನವೂ ಕೈ ತಾಗಿ ತಾಗಿ ಅದರ ಕೊಂಡಿ ಬೆಳ್ಳಗಾಗಿತ್ತು.

ಎರಡು ಐವತ್ತಕ್ಕೆ ಎಫ್‌ಐಆರ್ ಆಯಿತು. ಹೋಟೆಲಿನವನನ್ನು ವಿಚಾರಿಸಿದರೆ, "ಊಟದ ಹೊತ್ತಲ್ಲಿ ತಟ್ಟೆ ನೋಡ್ಲಾ, ಮುಖ ನೋಡ್ಲಾ?" ಎಂದ. ನಾಲ್ಕೂ ಇಪ್ಪತ್ತಕ್ಕೆ ಧಾನ್ಯದ ಗೋದಾಮಿನ ಹಿಂದೆ ಲಾರಿ ಸಿಕ್ಕಿತು. ಪಂಚನಾಮೆಯಲ್ಲಿ ಬರೆದದ್ದು ಇಷ್ಟು: ಬಾಗಿಲಿಗೆ ಬೀಗವಿಲ್ಲ, ಕೀ ಸೀಟಿನ ಚಾಪೆಯಡಿ, ಹಿಂಭಾಗದ ಹಲಗೆ ತೊಳೆದಿದೆ, ಡೀಸೆಲ್ ಟ್ಯಾಂಕ್ ಭರ್ತಿ.

"ಡೀಸೆಲ್ ತುಂಬಿಸಿ ವಾಪಸ್ ಇಡೋ ಕಳ್ಳನ್ನ ನನ್ನ ಸರ್ವೀಸಲ್ಲೇ ನೋಡಿಲ್ಲ," ಎಂದರು ಇನ್‌ಸ್ಪೆಕ್ಟರ್.

ಮಹಿಳಾ ಪೇದೆ ಉಕ್ಕಿನ ಹಗ್ಗ ಸುತ್ತುವ ಉರುಳೆಯ ಸಂದಿಯಿಂದ ಏನನ್ನೋ ಉಗುರಲ್ಲಿ ಕಿತ್ತು ತೋರಿಸಿದಳು. ಹಳದಿ, ನೂಲಿಗಿಂತ ನವಿರು.

"ಹತ್ತಿನಾ?"

"ಕೋಳಿಮರಿ ತುಪ್ಪಳ ಸರ್. ಮೊಟ್ಟೆ ಒಡೆದು ಎರಡು ದಿನಾನೂ ಆಗಿರಲ್ಲ. ನಮ್ಮಮ್ಮ ಸಾಕ್ತಿದ್ರು."

ಆ ದಿನ ಲಾರಿಯನ್ನು ಯಾರು ಕರೆದಿದ್ದರೆಂದು ತಿಳಿಯಬೇಕಿತ್ತು. ಮ್ಯಾನೇಜರನ ಫೋನಿಗೆ ಮಾಡಿದ ಕರೆ ನೇರ ಸಹಾಯವಾಣಿಗೆ ಹೋಯಿತು. ಗಾಡಿ ಕೆಟ್ಟಿದ್ದರೆ ಒಂದು ಒತ್ತಿ ಎಂದಿತು. ಒತ್ತಿದರು. ಸಂಗೀತ ಬಂತು, ಕಟ್ಟಾಯಿತು. ಮೂರನೆಯ ಸಲ ಒಂದು ಹೆಣ್ಣುದನಿ ಸಿಕ್ಕಿತು.

"ನನ್ನ ಗಾಡಿ ಕೆಟ್ಟಿಲ್ಲಮ್ಮಾ. ನಾನು ಪೊಲೀಸು!"

"ನಿಮ್ಮ ಪಾಲಿಸಿ ನಂಬರ್ ಹೇಳಿ ಸರ್."

ಇನ್‌ಸ್ಪೆಕ್ಟರ್ ಫೋನನ್ನು ಮೇಜಿನ ಮೇಲೆ ಕುಕ್ಕಿದರು. ಕೊನೆಗೆ ಹಿರಿಯ ಪೇದೆ ಕಂಪನಿಯ ಕಚೇರಿಗೇ ಹೋಗಿ ದಾಖಲೆ ತಂದ. ಗಿರಾಕಿ, ಮರಿ ಸಾಗಿಸುವ ವ್ಯಾನಿನ ಒಡತಿ. ನೆರವಿನ ಪಾಲಿಸಿ ಮಾಡಿಸಿದ್ದು ಸೋಮವಾರ ಬೆಳಿಗ್ಗೆ ಹತ್ತು ನಲವತ್ತಕ್ಕೆ. ವ್ಯಾನ್ ಕೆಟ್ಟದ್ದು ಮಂಗಳವಾರ ಒಂಬತ್ತಕ್ಕೆ. ಹನ್ನೊಂದು ಕರೆ. ಬುಧವಾರ ಮಧ್ಯಾಹ್ನ ಕಣ್ತಪ್ಪಿನಿಂದ ಲಾರಿ ಕಳಿಸಲಾಗಿದೆ; ನೆರವು ಕೊಡದೆ ಹಿಂದಿರುಗಿದೆ. ಕಾರಣ: ಪಾಲಿಸಿ ಮಾಡಿಸಿದ ಎಪ್ಪತ್ತೆರಡು ಗಂಟೆಯ ನಂತರವೇ ಬಳಕೆಗೆ ಬರುತ್ತದೆ. ತಲುಪಬೇಕಿದ್ದ ಕೋಳಿ ಫಾರಂನ ವಿಳಾಸವೂ ಅದರಲ್ಲಿತ್ತು.

ಐದು ನಲವತ್ತಕ್ಕೆ ಜೀಪು ಅಲ್ಲಿ ನಿಂತಿತು. ಶೆಡ್ಡಿನ ನೆಲಕ್ಕೆ ಹೊಸ ಹೊಟ್ಟು ಹಾಸಿತ್ತು. ನಲವತ್ತೈದರ ಹೆಂಗಸೊಬ್ಬಳು ಕುಕ್ಕರುಗಾಲಲ್ಲಿ ಕೂತು ಡಬ್ಬದಿಂದ ಒಂದೊಂದೇ ಮರಿ ಎತ್ತಿ, ಕೊಕ್ಕನ್ನು ನೀರಿಗೆ ಅದ್ದಿ, ಗುಟುಕರಿಸಿದ್ದು ನೋಡಿ ಕೆಳಗೆ ಬಿಡುತ್ತಿದ್ದಳು. ಗೋಡೆಯ ಬದಿಗೆ ಸತ್ತ ಮರಿಗಳ ಒಂದು ಗೋಣಿಚೀಲ, ಬಾಯಿ ಕಟ್ಟಿತ್ತು.

"ಲಾರಿ ನೀನೇ ತಂದ್ಯೇನಮ್ಮಾ?"

"ಹೌದು. ಇನ್ನೊಂದು ಡಬ್ಬ ಇದೆ. ಮುಗಿಸಿ ಬರ್ತೀನಿ."

"ಬೇರೆ ಗಾಡಿ ಸಿಗಲಿಲ್ವಾ?"

"ಸಿಕ್ಕಿದ್ದೆಲ್ಲ ತೆರೆದ ಗಾಡಿ. ಈ ಬಿಸಿಲಲ್ಲಿ ಹಾಕಿದ್ರೆ ಸುಟ್ಟಂಗೇ." ಅವಳು ತಲೆ ಎತ್ತಲಿಲ್ಲ. "ಮೊಟ್ಟೆಯೊಳಗಿನ ಹಳದಿ ಇವುಗಳ ಹೊಟ್ಟೇಲಿ ಇರತ್ತೆ ಸಾಹೇಬ್ರೇ. ಅದರ ಮೇಲೆ ಮೂರು ದಿನ, ಎಪ್ಪತ್ತೆರಡು ಗಂಟೆ ಬದುಕ್ತವೆ. ಕಾವು ಏರದಿದ್ರೆ ಮಾತ್ರ. ಫೋನಿನವಳೂ ಅದನ್ನೇ ಹೇಳಿದ್ಲು, ಎಪ್ಪತ್ತೆರಡು ಗಂಟೆ ಕಾಯಿರಿ ಅಂತ. ನಾನು ಕಾಯ್ತೀನಿ ತಾಯಿ, ಇವುಕ್ಕೆ ಯಾರು ಹೇಳ್ತಾರೆ ಅಂದೆ. ಬೇರೆ ಏನಾದ್ರೂ ಸಹಾಯ ಬೇಕಾ ಅಂದ್ಲು."

"ಕೀ ಹೇಗೆ ಸಿಕ್ತು?"

"ಅವನು ಆಗಲ್ಲ ಅಂದು ಹೊರಟ. ಯಾರದೋ ಬೈಕಲ್ಲಿ ಹಿಂದೇನೇ ಹೋದೆ. ಅವನು ಊಟಕ್ಕೆ ಕೂತಿದ್ದ. ಕೀ ಗಾಡೀಲಿತ್ತು."

"ವ್ಯಾನನ್ನ ಮೇಲೆ ಏರಿಸಿದ್ದು?"

"ನಾನೇ. ನೋಡಿ ಕಲಿತಿದ್ದೆ."

ಅಂಗಳದಲ್ಲಿ ವ್ಯಾನ್ ನಿಂತಿತ್ತು. ಅದರ ಹಿಂದಿನ ಚಕ್ರಕ್ಕೆ ಕಂಪನಿಯ ಪಟ್ಟಿಯೊಂದು ಇನ್ನೂ ಬಿಗಿದೇ ಇತ್ತು. ಎರಡು ಸುತ್ತು ತಿರುಚಿ, ತುದಿಯನ್ನು ಒಳಗೆ ಮಡಚಿದ ಅಚ್ಚುಕಟ್ಟು ಕಟ್ಟು. ಇನ್‌ಸ್ಪೆಕ್ಟರ್ ಬಗ್ಗಿ ಅದನ್ನು ಬಹಳ ಹೊತ್ತು ನೋಡಿದರು. ಒಳಗೆ ಮಹಿಳಾ ಪೇದೆ ಟೋಪಿ ತೆಗೆದಿಟ್ಟು ಕೊನೆಯ ಡಬ್ಬಕ್ಕೆ ಕೈ ಹಾಕಿದ್ದಳು. ಹೊತ್ತು ಮುಳುಗುವ ಮುಂಚೆ, ಆರೂ ಹತ್ತಕ್ಕೆ, ದಸ್ತಗಿರಿಯಾಯಿತು.

ಗುರುವಾರ ಬೆಳಿಗ್ಗೆ ಲಾರಿ ಗುರುತಿಸಲು ಚಾಲಕ ಠಾಣೆಗೆ ಬಂದ.

"ಆ ಪಟ್ಟಿ ಬಿಗಿಯೋದು ಕಲಿಯೋಕೆ ಎಷ್ಟು ದಿನ ಬೇಕಪ್ಪಾ?" ಇನ್‌ಸ್ಪೆಕ್ಟರ್ ಕೇಳಿದರು.

"ನನಗೆ ಎರಡು ತಿಂಗಳು ಹಿಡೀತು ಸರ್," ಎಂದುಬಿಟ್ಟ. ಮರುಕ್ಷಣ ಬೆಂಚಿನತ್ತ ತಿರುಗಿದ.

ಬೆಂಚಿನ ಮೇಲಿದ್ದ ಅವಳು ಬಾಯಿ ಹಾಕಿದಳು. "ಎಲ್ಲರ ಕೈಯೂ ಒಂದೇ ಥರ ಇರುತ್ತಾ? ನಾನು ಒಂದೇ ಸಲಕ್ಕೆ ಕಲಿತೆ. ಹಾಗೇ ಬರ್ಕೊಳ್ಳಿ."

ಇನ್‌ಸ್ಪೆಕ್ಟರ್ ಪೆನ್ನನ್ನು ಕಾಗದದ ಮೇಲೆ ಹಿಡಿದೇ ಕೂತರು. ಆಮೇಲೆ ಹಾಗೇ ಬರೆದರು. ಅಪರಾಧದ ಕಾರಣ ಎಂಬ ಜಾಗದಲ್ಲಿ ಅವಳನ್ನು ಕೇಳಿ ಇಷ್ಟು ಸೇರಿಸಿದರು: ಆರೋಪಿಯು ಹಿಂದಿನ ಬೇಸಿಗೆಯಲ್ಲಿ ಇದೇ ರೀತಿ ಗಾಡಿ ಕೆಟ್ಟು ಸತ್ತ ಒಂದು ಲೋಡು ಮರಿಗಳನ್ನು ಪೂರ್ತಿ ಗುಂಡಿಗೆ ಹಾಕಿದ್ದು, ಮತ್ತೆ ಹಾಗಾಗಬಾರದೆಂದು ಪಾಲಿಸಿ ಮಾಡಿಸಿರುತ್ತಾಳೆ.

ಜಪ್ತಿ ಮಾಡಿದ ವಸ್ತುಗಳ ನಡುವೆ ಅವಳ ಫೋನು ಗುಂಯ್ ಎಂದಿತು. ಹತ್ತು ನಲವತ್ತು. ಮಹಿಳಾ ಪೇದೆ ಓದಿದಳು: "ನಿಮ್ಮ ರಸ್ತೆ ನೆರವು ಈಗಿನಿಂದ ಬಳಕೆಗೆ ಲಭ್ಯ. ನಿಶ್ಚಿಂತೆಯಿಂದ ಪ್ರಯಾಣಿಸಿ."

ಚಾಲಕ ಬೆಂಚಿನ ಹತ್ತಿರ ಬಂದು ನಿಂತ.

"ಅಕ್ಕಾ…"

"ನಿನ್ನ ಗಾಡಿ ಬಿಸಿಲಲ್ಲಿ ನಿಂತಿದೆ. ಹೋಗು," ಎಂದಳು ಅವಳು.

ಅವನು ಹೋದ. ಹೋಗುತ್ತ ಕೀಯನ್ನು ಸರಪಳಿಗೆ ಸಿಕ್ಕಿಸಿಕೊಂಡು ಎರಡು ಸಲ ಎಳೆದು ನೋಡಿದ. ಹೊರಗೆ ಪೇದೆಗಳು ಅವಳನ್ನು ಕೋರ್ಟಿಗೆ ಒಯ್ಯಲು ಜೀಪು ತಳ್ಳತೊಡಗಿದ್ದರು.