ವಿಬಿಯಾಳಿಗೆ ಇಟ್ಟ ಎಡೆ

ನನ್ನ ಪಿಎಚ್.ಡಿ. ವಿಷಯ ವಿಬಿಯಾ, ಪ್ರಾಚೀನ ರೋಮಿನ ದೊಡ್ಡ ಮನೆತನದ ಹೆಣ್ಣುಮಗಳು. ಗಂಡನೇ ಅವಳನ್ನು ಕೊಲ್ಲಿಸಿ, ಶಾಸನದ ಕಲ್ಲಿನ ಮೇಲಿದ್ದ ಅವಳ ಹೆಸರನ್ನೂ ಕೆತ್ತಿ ತೆಗೆಸಿದ್ದ. “ಆಧಾರ ಸಾಲದು, ಬಿಡಮ್ಮ” ಎಂದರು ಗೈಡು. ನಾನು ಬಿಡಲಿಲ್ಲ.

ಹೋದ ವರ್ಷ ಮಹಾಲಯ ಅಮಾವಾಸ್ಯೆಗೆ ನಮ್ಮೂರು ಸೊಕ್ಕೆಗೆ ಬಂದಾಗ ಅಜ್ಜಿ ಗಾದ್ರಮ್ಮನಿಗೆ ಇಷ್ಟನ್ನು ಹೇಳಿದೆ.

“ಪಾಪ, ಆಕೆಗೆ ಎಡೆ ಇಡಾಕೆ ಯಾರೂ ಇಲ್ಲೇನು? ನೀನೇ ಇಡು” ಎಂದಳು.

ಹಿರಿಯರ ಎಡೆಗಳ ಪಕ್ಕ ದಪ್ಪ ಕೌದಿ ಹಾಸಿ, ಮುಂದೆ ಬಾಳೆಲೆ ಹಾಕಿ ಹೋಳಿಗೆ ಬಡಿಸಿದೆ. ಸತ್ತವರು ಉಣ್ಣಲೆಂದು ವಾಡಿಕೆಯಂತೆ ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಕೂತೆವು. ಒಳಗೆ ಬಳೆ ಸದ್ದಾಯಿತು.

ಬಾಗಿಲು ತೆಗೆದರೆ, ಮಟಮಟ ಮಧ್ಯಾಹ್ನದಲ್ಲೂ ಕೋಣೆ ಬಾವಿಯೊಳಗಿನಂತೆ ತಣ್ಣಗಿತ್ತು. ಹೋಳಿಗೆ ಹಾಗೇ ಇತ್ತು. ಕೌದಿಯ ಉದ್ದಕ್ಕೂ ತಗ್ಗು ಬಿದ್ದಿತ್ತು, ಎಡಕ್ಕೆ ಮೊಣಕೈ ಊರಿದ ಗುರುತು. ರೋಮಿನ ಸಿರಿವಂತರು ಹಾಗೇ ಒರಗಿಕೊಂಡು ಉಣ್ಣುತ್ತಿದ್ದರು. ಅದನ್ನು ಮನೆಯಲ್ಲಿ ಯಾರಿಗೂ ನಾನು ಹೇಳಿರಲಿಲ್ಲ.

“ಯಾರೇ ಇಲ್ಲಿ ಮಲಗಿದ್ದು?” ಅಜ್ಜಿ ಬಗ್ಗಿ ನೋಡಿದಳು. “ಜತೆಗೆ ಕೂಸು ಬೇರೆ ಕೂತಂಗೈತೆ.”

ಕಾಲ ಕಡೆ ಅಂಗೈಯಗಲದ ಇನ್ನೊಂದು ತಗ್ಗಿತ್ತು. ಮುಟ್ಟಿದೆ. ಅದೊಂದೇ ಬೆಚ್ಚಗಿತ್ತು.

ವಿಬಿಯಾಳಿಗೆ ಮಗುವಿತ್ತೆಂದು ಯಾವ ದಾಖಲೆಯೂ ಹೇಳುವುದಿಲ್ಲ. ಹುಡುಕುತ್ತಲೇ ಇದ್ದೇನೆ. ಈ ಸಲ ಅವಳ ಪಾಲಿಗೆ ಎರಡು ಎಲೆ ಹಾಕುತ್ತೇನೆ.