ಹಾಲಮ್ಮನ ಅರ್ಜಿ

“ನನ್ನ ಹೆಸರು ಬದಲಾಯಿಸಲಿಲ್ಲ ಅಂದ್ರೆ ನಾನು ಪರೀಕ್ಷೆಗೇ ಕೂರಲ್ಲ.”

“ಕೂರಬೇಡ. ರೊಟ್ಟಿ ತಟ್ಟೋದು ಕಲಿ, ಬಾ.”

“ನಿಂಗೇನಮ್ಮ, ಜಯದೇವಿ ಅಂತ ಚೆನ್ನಾಗಿರೋ ಹೆಸರಿದೆ. ನಂಗೆ ಮಾತ್ರ ಹಾಲಮ್ಮ. ಅದು ಹಲ್ಲಿಲ್ಲದ ಮುದುಕೀರ ಹೆಸರು.”

ಜಯದೇವಿ ಹಂಚಿನ ಮೇಲಿನ ರೊಟ್ಟಿಯನ್ನು ಮಗುಚಿ ಹಾಕಿದಳು. ಮೊದಲು ಬ್ಯಾಗ್ ಎತ್ತಿಡು ಎಂದಳು. ಬ್ಯಾಗು ಅಡುಗೆಮನೆಯ ನಡುವೆ ಬಿದ್ದಿತ್ತು. ಎಸೆದವಳು ಹಾಲಮ್ಮನೇ.

ಅವಳ ಸಿಟ್ಟಿಗೆ ಕಾರಣ ಇತ್ತು. ರಾಜಾಜಿನಗರದ ಆ ಸ್ಕೂಲಿನ ಏಳನೇ ಕ್ಲಾಸಿನಲ್ಲಿ ಮೂವರು ಉಷಾ, ಇಬ್ಬರು ವೀಣಾ, ಇಬ್ಬರು ಮಂಜುಳಾ ಇದ್ದರು. ಹಾಲಮ್ಮ ಒಬ್ಬಳೇ. ನಿನ್ನೆ ಹೊಸ ಲೆಕ್ಕದ ಮೇಷ್ಟ್ರು ಹಾಜರಿ ಕರೆಯುತ್ತ ಅವಳ ಹೆಸರಿಗೆ ಬಂದು ನಿಂತರು. ಕನ್ನಡಕ ಮೇಲೆತ್ತಿ, “ಇದ್ಯಾರಪ್ಪ, ಕ್ಲಾಸಲ್ಲಿ ಅಜ್ಜಿ?” ಎಂದರು. ಎಲ್ಲರೂ ನಕ್ಕರು. ಮೇಷ್ಟ್ರಿಗೆ ಅದು ತಮಾಷೆ. ಎಲ್ಲರ ಮುಂದೆ ಎದ್ದು ನಿಂತು “ಪ್ರೆಸೆಂಟ್ ಸಾರ್” ಅನ್ನಬೇಕಾದ ಹುಡುಗಿಗೆ ಏನು ತಮಾಷೆ?

ಬೀದಿಯಲ್ಲೂ ಬಿಡುಗಡೆ ಇರಲಿಲ್ಲ. ಅದೇ ಸ್ಕೂಲಿಗೆ ಹೋಗುವ ಮೂಲೆಮನೆಯ ಚಕ್ರಪಾಣಿ ಬೆಳಿಗ್ಗೆ ಹಾಲಿನ ಬೂತಿನ ಹತ್ತಿರವೇ ಕಾಯುತ್ತಿದ್ದ. ಅವಳು ಬಾಟಲಿ ಹಿಡಿದು ಹೊರಟರೆ ಸಾಕು, “ಹಾಲಮ್ಮಾ, ಇವತ್ತು ನೀರೆಷ್ಟು?” ಎಂದು ಬೀದಿಯ ಆ ತುದಿಗೆ ಕೇಳುವಂತೆ ಕೂಗುತ್ತಿದ್ದ.

ಈಗೊಂದು ದಾರಿ ಸಿಕ್ಕಿತ್ತು. ಏಳನೇ ಕ್ಲಾಸಿಗೆ ಪಬ್ಲಿಕ್ ಪರೀಕ್ಷೆ. ಪರೀಕ್ಷೆಗೆ ಕೂರುವವರ ಪಟ್ಟಿ ಸೋಮವಾರ ಹೋಗುತ್ತದೆ, ಹೆಸರಿನಲ್ಲಿ ಏನಾದರೂ ಬದಲಾವಣೆ ಇದ್ದರೆ ಮನೆಯಿಂದ ಅರ್ಜಿ ತನ್ನಿ, ಆಮೇಲೆ ಬಂದು ಅತ್ತರೆ ನಾನು ಜವಾಬ್ದಾರನಲ್ಲ ಎಂದು ಆಫೀಸಿನ ಮುನಿರಾಮಯ್ಯ ಕ್ಲಾಸಿಗೆ ಬಂದು ಹೇಳಿಹೋಗಿದ್ದರು. ಇವತ್ತು ಶನಿವಾರ.

ಹೊಸ ಹೆಸರನ್ನೂ ಅವಳು ಆರಿಸಿಟ್ಟುಕೊಂಡಿದ್ದಳು. ಕೋಕಿಲಾ. ರಫ್ ನೋಟ್‌ಬುಕ್ಕಿನ ಹಿಂದಿನ ಪುಟದಲ್ಲಿ ಅದನ್ನು ಇಪ್ಪತ್ತು ಸಲ ಬರೆದು ನೋಡಿದ್ದಳು.

ಅಮ್ಮ ರೊಟ್ಟಿಯ ಮೇಲಿಂದ ಕಣ್ಣೆತ್ತದಿದ್ದುದರಿಂದ ಹಾಲಮ್ಮನಿಗೆ ರೇಗಿತು. ತುಂಬ ದಿನದಿಂದ ಹೊಟ್ಟೆಯಲ್ಲಿದ್ದ ಮಾತು ಹೊರಗೆ ಬಂತು.

“ನಿಂಗೂ ಈ ಹೆಸರು ಅಂದ್ರೆ ನಾಚಿಕೆ. ಒಂದು ದಿನ ನೀನು ನನ್ನ ಹೆಸರು ಹಿಡಿದು ಕರೆದಿದೀಯಾ? ಬರೀ ಪುಟ್ಟಿ, ಪುಟ್ಟಿ. ಚಕ್ರಪಾಣಿ ಕೂಗಿದಾಗೆಲ್ಲ ಬಾಗಿಲಿಗೆ ಬಂದು ನಿಂತ್ಕೋತೀಯ. ಅವನನ್ನ ಒಂದು ಮಾತು ಬೈದಿದೀಯಾ? ಅದೂ ಇಲ್ಲ.”

ಜಯದೇವಿಯ ಕೈ ನಿಂತಿತು. ಹಂಚಿನ ಮೇಲೆ ರೊಟ್ಟಿ ಸೀದು ವಾಸನೆ ಬಂತು.

“ಸ್ಕೂಲಿಗೆ ಹೊತ್ತಾಯ್ತು, ಹೋಗು,” ಎಂದಳು.

ಹಾಲಮ್ಮ ಬ್ಯಾಗು ಎತ್ತಿಕೊಂಡು, ರೊಟ್ಟಿ ಮುಟ್ಟದೆ ಹೋದಳು.

ಮಧ್ಯಾಹ್ನ ಫ್ಯಾಕ್ಟರಿಯ ಸೈರನ್ ಆಯಿತು. ಮೊದಲ ಶಿಫ್ಟ್ ಮುಗಿಸಿ ಅಪ್ಪ ಗುರುಸಿದ್ದಯ್ಯ ಸೈಕಲ್ ತಳ್ಳಿಕೊಂಡು ಬಂದ. ಹಾಲಮ್ಮ ಹೊರಗಿನ ಕಟ್ಟೆಯ ಮೇಲೆ ಅವನಿಗಾಗಿಯೇ ಕಾದು ಕೂತಿದ್ದಳು. ಹಾಲಮ್ಮ ಎಂಬುದು ಅಪ್ಪನ ತಾಯಿಯ ಹೆಸರು. ಅದು ಅವಳಿಗೆ ಗೊತ್ತಿತ್ತು. ಅಜ್ಜಿ ತೀರಿಕೊಂಡ ಎರಡು ತಿಂಗಳಿಗೆ ತಾನು ಹುಟ್ಟಿದ್ದು ಎಂಬುದೂ ಗೊತ್ತಿತ್ತು. ಹಾಗಾದರೆ ತಪ್ಪೆಲ್ಲ ಅಪ್ಪನದೇ ಎಂದು ಅವಳ ಲೆಕ್ಕ.

“ನಿಮ್ಮಮ್ಮನ ಹೆಸರು ನಿಮ್ಮ ಹತ್ರಾನೇ ಇಟ್ಕೋಬೇಕಿತ್ತು. ನಂಗ್ಯಾಕೆ ಇಟ್ರಿ?”

ಗುರುಸಿದ್ದಯ್ಯ ಸೈಕಲ್ಲಿಗೆ ಸ್ಟ್ಯಾಂಡ್ ಹಾಕಿದ. ಅವನಿಗೆ ಸಿಟ್ಟು ಬರಲಿಲ್ಲ, ಆಶ್ಚರ್ಯವಾಯಿತು.

“ನಾನೆಲ್ಲಿ ಇಟ್ಟೆ? ನಾನು ಶೈಲಜಾ ಅಂತ ಇಡೋಣ ಅಂದೆ. ಬೆಂಗಳೂರಲ್ಲಿ ಬೆಳೆಯೋ ಮಗು, ಹಳೇ ಹೆಸರು ಬೇಡ ಅಂದೆ. ನಿಮ್ಮಮ್ಮ ಕೇಳಲಿಲ್ಲ. ಎರಡು ದಿನ ಊಟ ಬಿಟ್ಲು.”

ಶೈಲಜಾ. ಎಂಥ ಹೆಸರು ಕೈತಪ್ಪಿ ಹೋಗಿತ್ತು. ಹಾಲಮ್ಮ ಅದನ್ನು ಬಾಯೊಳಗೇ ಒಂದು ಸಲ ಹೇಳಿ ನೋಡಿದಳು.

ಅರ್ಜಿಗೆ ಸಹಿ ಹಾಕುತ್ತೀರಾ ಎಂದು ಕೇಳಿದಾಗ ಅಪ್ಪ ಇಲ್ಲವೆಂದು ತಲೆಯಾಡಿಸಿಬಿಟ್ಟ. ಇಟ್ಟವಳು ನಿಮ್ಮಮ್ಮ, ತೆಗೆಯುವುದಿದ್ದರೂ ಅವಳೇ ಬರೆದು ಸಹಿ ಹಾಕಲಿ, ನಾನು ನಡುವೆ ಬರುವುದಿಲ್ಲ ಎಂದು ಕೈಕಾಲು ತೊಳೆಯಲು ಹೋದ.

ಹಾಲಮ್ಮ ಕಟ್ಟೆಯ ಮೇಲೇ ಕೂತಳು. ಸಿಟ್ಟಿನ ಜಾಗಕ್ಕೆ ಈಗ ಬೇರೇನೋ ಬಂದಿತ್ತು. ಊಟ ಬಿಟ್ಟು ಹಟ ಹಿಡಿದು ಇಟ್ಟ ಹೆಸರನ್ನು ಅಮ್ಮ ಒಂದು ಸಲವೂ ಯಾಕೆ ಕರೆಯುವುದಿಲ್ಲ? ಹಬ್ಬಕ್ಕೆ ಸೀರೆ ಕೊಂಡು ತಂದು ಟ್ರಂಕಿನಲ್ಲೇ ಇಡುವವರನ್ನು ಅವಳು ನೋಡಿದ್ದಳು. ಹೆಸರನ್ನು ಹಾಗೆ ಇಡುವವರನ್ನು ನೋಡಿರಲಿಲ್ಲ.

ಅಮ್ಮನನ್ನೇ ಕೇಳಬಹುದಿತ್ತು. ಆದರೆ ಬೆಳಿಗ್ಗೆ ಅಷ್ಟು ಮಾತಾಡಿದ ಮೇಲೆ ಕೇಳುವುದು ಹೇಗೆ?

ಭಾನುವಾರ ಅವಳು ಸಾಲಿನ ಕೊನೇ ಮನೆಗೆ ಹೋದಳು. ಅಲ್ಲಿ ಶಿವಕ್ಕ ಇದ್ದಳು. ದಾವಣಗೆರೆ ಹತ್ತಿರದ ಅಪ್ಪನ ಊರಿನವಳು, ಅಜ್ಜಿಯ ಗೆಳತಿ. ಈಗ ಮಗನ ಜೊತೆ ಇಲ್ಲೇ ಬಂದು ನೆಲೆಸಿದ್ದಳು. ಅವರೆಕಾಯಿ ಕಾಲ. ಶಿವಕ್ಕ ಮೊರದ ತುಂಬ ಅವರೆಕಾಯಿ ಹಾಕಿಕೊಂಡು ಬಿಸಿಲಲ್ಲಿ ಕೂತು ಸುಲಿಯುತ್ತಿದ್ದಳು. ಪ್ರಶ್ನೆ ಕೇಳಲು ಬಂದವರು ಬರಿಗೈಯಲ್ಲಿ ಕೂರಬಾರದೆಂದು ಹಾಲಮ್ಮನ ಮಡಿಲಿಗೂ ಒಂದು ಬೊಗಸೆ ಸುರಿದಳು.

ಆ ಹೆಸರಿನ ಅರ್ಥವೇನು ಎಂದು ಹಾಲಮ್ಮ ಕೇಳಿದಳು. ಅರ್ಥ ಏನು ಬಂತು, ನಮ್ಮ ಕಡೆ ಹಾಲಸ್ವಾಮಿಯ ಮಠ ಇದೆ, ಹರಕೆ ಹೊತ್ತು ಹುಟ್ಟಿದ ಗಂಡಾದರೆ ಹಾಲಪ್ಪ, ಹೆಣ್ಣಾದರೆ ಹಾಲಮ್ಮ, ಊರಲ್ಲಿ ನಿಂತು ಕೂಗಿದರೆ ಹತ್ತು ಜನ ತಿರುಗಿ ನೋಡುತ್ತಾರೆ ಎಂದಳು ಶಿವಕ್ಕ.

“ನಗಲ್ವಾ ಯಾರೂ?”

“ಯಾಕೆ ನಗ್ತಾರೆ? ಉಷಾ ಅಂದ್ರೆ ನಗ್ತಾರೆ.”

ಹಾಲಮ್ಮನಿಗೆ ನಗು ಬಂತು. ಶಿವಕ್ಕ ಮುಂದುವರಿಸಿದಳು. ನಿಮ್ಮ ಅಜ್ಜಿಗೆ ಇಟ್ಟದ್ದು ಅವಳ ಅಜ್ಜಿಯ ಹೆಸರು. ಆ ಅಜ್ಜಿಗೆ ಅವಳ ಅಜ್ಜಿಯದು. ಅದಕ್ಕೂ ಹಿಂದಿನದು ತನಗೆ ಗೊತ್ತಿಲ್ಲ. ಹಾಲಮ್ಮ ಒಬ್ಬೊಬ್ಬರಿಗೆ ಒಂದೊಂದು ಅವರೆಕಾಯಿಯನ್ನು ಸಾಲಾಗಿ ಇಟ್ಟಳು. ಮೂರಾಯಿತು. ಸ್ವಲ್ಪ ಯೋಚಿಸಿ, ಕೊನೆಗೆ ಇನ್ನೊಂದು ಇಟ್ಟಳು. ಅದು ಸ್ವಲ್ಪ ಎಳೆಕಾಯಿ.

“ಅಮ್ಮ ಯಾಕೆ ನನ್ನ ಹೆಸರು ಕರೆಯಲ್ಲ, ಶಿವಕ್ಕಜ್ಜಿ?”

“ಅತ್ತೆ ಹೆಸರನ್ನ ಸೊಸೆ ಬಾಯಲ್ಲಿ ಹೇಳ್ತಾಳಾ? ಹೇಳಬಾರದು. ನಿನ್ನ ಕರೆದ್ರೂ ಅವರನ್ನ ಹೆಸರು ಹಿಡಿದು ಕರೆದಂಗೇ ಅಲ್ವಾ?”

ಅಪ್ಪನ ಹೆಸರನ್ನು ಅಮ್ಮ ಹೇಳುವುದಿಲ್ಲ ಎಂಬುದು ಹಾಲಮ್ಮನಿಗೆ ಗೊತ್ತಿತ್ತು. ಪೋಸ್ಟ್‌ಮ್ಯಾನ್ ಯಾರ ಮನೆ ಎಂದು ಕೇಳಿದರೆ ಅಮ್ಮ ಒಳಗಿನಿಂದ ಇವಳನ್ನೇ ಕರೆದು ಹೇಳಿಸುತ್ತಿದ್ದಳು. ಆದರೆ ಆ ಕಟ್ಟು ತನ್ನ ಹೆಸರಿಗೂ ಬಂದು ತಾಗುತ್ತದೆ ಎಂದು ಅವಳು ಯೋಚಿಸಿರಲಿಲ್ಲ.

“ಹೇಳಬಾರದು ಅಂತ ಗೊತ್ತಿದ್ದೂ ಯಾಕೆ ಇಟ್ಲು ಮತ್ತೆ?”

ಶಿವಕ್ಕ ಅವರೆಕಾಯಿ ಬಿಟ್ಟು ಅವಳ ಮುಖ ನೋಡಿದಳು. ನಿಮ್ಮಮ್ಮ ಹದಿನೈದು ವರ್ಷಕ್ಕೆ ಮದುವೆಯಾಗಿ ಬಂದಾಗ ಲೋವರ್ ಸೆಕೆಂಡರಿ ಪರೀಕ್ಷೆಗೆ ಆರು ತಿಂಗಳು ಬಾಕಿ ಇತ್ತು ಎಂದು ಶುರುಮಾಡಿದಳು. ಸೊಸೆಗೆ ಎಂಥ ಪರೀಕ್ಷೆ ಎಂದು ಮನೆಯ ಗಂಡಸರು ಪುಸ್ತಕ ಎತ್ತಿ ಅಟ್ಟಕ್ಕೆ ಹಾಕಿದರು. ಅಜ್ಜಿಗೆ ಒಂದಕ್ಷರ ಬರುತ್ತಿರಲಿಲ್ಲ. ಅವಳೇ ಏಣಿ ಹಾಕಿ ಹತ್ತಿ ಪುಸ್ತಕ ಇಳಿಸಿದಳು.

“ರೊಟ್ಟಿ ನಾನು ತಟ್ತೀನಿ, ನೀನು ಓದು ಅಂದ್ಲು. ಆರು ತಿಂಗಳು ಹಂಗೇ ನಡೀತು. ಪರೀಕ್ಷೆ ದಾವಣಗೆರೇಲಿ. ಗಾಡಿ ಕೊಡಲಿಲ್ಲ ಅಂತ ಇಬ್ರೂ ಕತ್ತಲಲ್ಲೇ ಎದ್ದು ನಡೆದ್ರು. ಇವಳು ಒಳಗೆ ಬರೆಯೋವಾಗ ಅವಳು ಹೊರಗೆ ಬೇವಿನ ಮರದ ಕೆಳಗೆ ಕೂತಿರ್ತಿದ್ಲು. ಪರೀಕ್ಷೆ ಮುಗಿಯೋವರೆಗೂ ದಿನಾ ಹಂಗೇ.”

ಹಾಲಮ್ಮನಿಗೆ ಶನಿವಾರದ ಮಾತು ನೆನಪಾಯಿತು. ರೊಟ್ಟಿ ತಟ್ಟೋದು ಕಲಿ ಎಂದ ಮೇಲೆ ಅಮ್ಮನ ಮುಖ ಹೇಗಿತ್ತು ಎಂದು ಅವಳು ನೋಡಿರಲಿಲ್ಲ. ಆಗ ಅವಳು ಕೂಗಾಡುತ್ತಿದ್ದಳಲ್ಲ.

ಆದರೂ ಅವಳು ಮನಸ್ಸು ಬದಲಾಯಿಸಿದಳು ಎಂದುಕೊಳ್ಳಬೇಡಿ. ಅಜ್ಜಿ ಒಳ್ಳೆಯವಳು, ಸರಿ. ಆದರೆ ನಾಳೆ ಹಾಜರಿಗೆ ಎದ್ದು ನಿಲ್ಲಬೇಕಾದವಳು ತಾನು. ಚಕ್ರಪಾಣಿಗೆ ಹೋಗಿ ಬೇವಿನ ಮರದ ಕತೆ ಹೇಳಲಾಗುತ್ತದೆಯೇ?

ಸೋಮವಾರ ಬೆಳಿಗ್ಗೆ ಸ್ಕೂಲಿಗೆ ಹೊರಟಾಗ ಬ್ಯಾಗಿನ ಮೇಲೆ ರಫ್ ನೋಟ್‌ಬುಕ್ಕಿನ ಹಿಂದಿನ ಪುಟದಲ್ಲಿ ಮಡಿಸಿದ ಕಾಗದ ಇತ್ತು. ಅಮ್ಮ ಒಲೆಯ ಕಡೆ ಮುಖ ಮಾಡಿಕೊಂಡೇ, “ಅರ್ಜಿ ಬರೆದಿದೀನಿ. ಆಫೀಸಲ್ಲಿ ಕೊಡು. ಡಬ್ಬಿ ಮರೀಬೇಡ, ಪುಟ್ಟಿ,” ಎಂದಳು. ಅವಳ ದನಿಯಲ್ಲಿ ಸಿಟ್ಟು ಇರಲಿಲ್ಲ. ಇದ್ದಿದ್ದರೆ ಹಾಲಮ್ಮನಿಗೆ ಸುಲಭವಾಗುತ್ತಿತ್ತು.

ಮಧ್ಯಾಹ್ನ ಊಟದ ಬೆಲ್ ಆದಮೇಲೆ ಅವಳು ಆಫೀಸಿಗೆ ಹೋದಳು. ಮುನಿರಾಮಯ್ಯನವರ ಮೇಜಿನ ಮೇಲೆ ಉದ್ದನೆಯ ಪಟ್ಟಿ ಹರಡಿತ್ತು. ಮೂರು ಗಂಟೆಗೆ ಲಕೋಟೆ ಅಂಟಿಸಬೇಕು, ಈಗ ಬರ್ತೀಯಲ್ಲ ಎಂದು ಗೊಣಗುತ್ತ ಅವರು ಕಾಗದ ಬಿಡಿಸಿದರು. ಓದಿದರು. ತಿರುಗಿಸಿ ಹಿಂದೆ ನೋಡಿದರು. ಮತ್ತೆ ಓದಿದರು.

“ಏನಮ್ಮ ಇದು? ಹೊಸ ಹೆಸರು ಇದೆ, ಸಹಿ ಇದೆ, ತಾರೀಕು ಇದೆ. ಯಾರ ಹೆಸರು ಬದಲಾಯಿಸಬೇಕು ಅಂತಾನೇ ಇಲ್ವಲ್ಲ.”

ಕಾಗದವನ್ನು ಅವಳ ಕಡೆ ತಿರುಗಿಸಿದರು. ಅಮ್ಮನ ದುಂಡಗಿನ ಅಕ್ಷರ. ‘ಮುಖ್ಯೋಪಾಧ್ಯಾಯರಲ್ಲಿ ಜಯದೇವಿಯ ವಿನಂತಿ. ನನ್ನ ಮಗಳು’ ಎಂದು ಬರೆದು, ಅಲ್ಲಿ ನಾಲ್ಕು ಬೆರಳಷ್ಟು ಜಾಗ ಖಾಲಿ ಬಿಟ್ಟು, ‘ಇವಳ ಹೆಸರನ್ನು ಕೋಕಿಲಾ ಎಂದು ಬದಲಾಯಿಸಬೇಕಾಗಿ ಕೋರುತ್ತೇನೆ’ ಎಂದು ಮುಗಿಸಿದ್ದಳು.

ಖಾಲಿ ಜಾಗ ಪೂರ್ತಿ ಖಾಲಿಯಾಗಿರಲಿಲ್ಲ. ಅದರ ಮೊದಲಲ್ಲಿ ಮಸಿಯ ಒಂದು ದಪ್ಪ ಚುಕ್ಕೆ ಇತ್ತು. ಪೆನ್ನು ಅಲ್ಲೇ ಊರಿ ತುಂಬ ಹೊತ್ತು ನಿಂತಾಗ ಹಾಗಾಗುತ್ತದೆ. ಮಸಿ ಹಿಂದಿನ ಪುಟಕ್ಕೂ ಇಳಿದಿತ್ತು.

“ಮರೆತಿದಾರೆ ಬಿಡು,” ಎಂದರು ಮುನಿರಾಮಯ್ಯ. ತಮ್ಮ ಪೆನ್ನಿನ ಕ್ಯಾಪು ತೆಗೆದು ಅವಳಿಗೆ ಕೊಟ್ಟರು. “ನೀನೇ ಬರಿ. ಹಳೇ ಹೆಸರು ಬರೆದ್ರೆ ತಾನೇ ನಾನು ಅದನ್ನ ಹೊಡೆದುಹಾಕೋದು?”

ಹಾಲಮ್ಮ ಪೆನ್ನು ತೆಗೆದುಕೊಂಡಳು. ಪಟ್ಟಿಯಲ್ಲಿ ಅವಳ ಹೆಸರು ಇಪ್ಪತ್ತೇಳನೆಯದು. ಪೆನ್ನಿನ ತುದಿಯನ್ನು ಅಮ್ಮ ಬಿಟ್ಟ ಚುಕ್ಕೆಯ ಮೇಲೆ ಇಟ್ಟಳು.

ಹೊರಗೆ ನಲ್ಲಿಯ ಹತ್ತಿರ ಹುಡುಗರು ಡಬ್ಬಿ ತೊಳೆಯುತ್ತಿದ್ದರು. ಚಕ್ರಪಾಣಿ ಕಿಟಕಿಯಲ್ಲಿ ಅವಳ ಜಡೆ ಕಂಡನೋ ಏನೋ, “ಹಾಲಮ್ಮಾ, ಇವತ್ತು ನೀರೆಷ್ಟು?” ಎಂದು ರಾಗ ಎಳೆದ.

ದಿನಾ ಕೇಳುವ ಕೂಗು. ಅದನ್ನು ಕೇಳಿದಾಗೆಲ್ಲ ಅವಳಿಗೆ ನೆಲ ನೋಡಬೇಕು ಅನ್ನಿಸುತ್ತಿತ್ತು. ಈ ಸಲ ಅಮ್ಮ ಕಣ್ಣ ಮುಂದೆ ಬಂದಳು. ಹಿಟ್ಟಿನ ಕೈಯಲ್ಲೇ ಒಳಗಿನಿಂದ ಓಡಿ ಬಂದು ಬಾಗಿಲ ಚೌಕಟ್ಟು ಹಿಡಿದು ನಿಲ್ಲುವ ಅಮ್ಮ. ಹುಡುಗರನ್ನು ಬೈಯದ ಅಮ್ಮ. ಅವರು ಆ ಕಡೆ ಹೋದಮೇಲೂ ಸ್ವಲ್ಪ ಹೊತ್ತು ಅಲ್ಲೇ ನಿಂತಿರುವ ಅಮ್ಮ.

ತಾನು ಬಾಯಿಬಿಟ್ಟು ಹೇಳಲಾಗದ ಹೆಸರನ್ನು ಇನ್ನೊಬ್ಬರ ಬಾಯಲ್ಲಾದರೂ ಕೇಳಲು ಅಮ್ಮ ಬಾಗಿಲಿಗೆ ಬರುತ್ತಿದ್ದಳು.

ಚುಕ್ಕೆ ಈಗ ಇನ್ನಷ್ಟು ದಪ್ಪಗಾಗಿತ್ತು. ಹಾಲಮ್ಮ ಪೆನ್ನು ಎತ್ತಿದಳು.

“ಬರೆದ್ಯಾ?” ಎಂದರು ಮುನಿರಾಮಯ್ಯ.

“ಒಂದು ನಿಮಿಷ ಸಾರ್, ಬರ್ತೀನಿ.”

ಅವಳು ಪೆನ್ನನ್ನು ಪಟ್ಟಿಯ ಪಕ್ಕದಲ್ಲಿಟ್ಟಳು. ಅರ್ಜಿಯನ್ನು ಮೊದಲಿದ್ದ ಗೆರೆಯಲ್ಲೇ ಮಡಿಸಿ ಲಂಗದ ಸೊಂಟಕ್ಕೆ ಸಿಕ್ಕಿಸಿಕೊಂಡು ಹೊರಗೆ ನಡೆದಳು. ನಲ್ಲಿಯ ಹತ್ತಿರ ಚಕ್ರಪಾಣಿ ಮತ್ತೆ ಕೂಗಿದ. ಅವಳು ತಲೆ ತಗ್ಗಿಸಲಿಲ್ಲ. “ಏನೋ?” ಎಂದಳು. ಅವನು ತೊಳೆದ ಡಬ್ಬಿಯನ್ನೇ ಮತ್ತೆ ನಲ್ಲಿಯ ಕೆಳಗೆ ಹಿಡಿದ.

ಮುನಿರಾಮಯ್ಯ ಪೆನ್ನಿನ ಕ್ಯಾಪು ಕೈಯಲ್ಲಿ ಹಿಡಿದು ಬಾಗಿಲ ಕಡೆ ನೋಡುತ್ತ ಕೂತರು. ಊಟದ ಹೊತ್ತು ಮುಗಿದ ಬೆಲ್ ಆಯಿತು. ಎರಡಾಯಿತು. ಎರಡೂವರೆಯೂ ಆಯಿತು. ಹುಡುಗಿ ತಿರುಗಿ ಬರಲಿಲ್ಲ.